ಬಾಲವಿಲ್ಲದ ಪ್ರತಿ

ಧೈರ್ಯ ಗೀರ್ಯ ಅಂತ ಬರೆದುಕೊಳ್ಳಬೇಡ ಮಗಾ,
ಪುಟಕ್ಕೆ ಎರಡು ಪೆಸೆಟಾ, ಮೂರು ಪ್ರತಿ,
ಟೈಪ್ ಮಾಡುತ್ತಿದ್ದೆ, ಅಷ್ಟೆ.
ನಿನ್ನ ಆ ಯಂತ್ರ ಓಡುತ್ತಿದೆಯೋ? ಸರಿ.

ಸಬಾದೆಲ್ ಆಗ ನೂಲಿನ ಊರು.
ರಿಪೋಲ್ ಹೊಳೆಗೆ ತನ್ನದೇ ಬಣ್ಣ ಅಂತ ಇರಲಿಲ್ಲ;
ಬಣ್ಣದ ಕಾರ್ಖಾನೆ ಏನು ಉಗುಳಿತೋ ಅದೇ.
ಸೋಮವಾರ ನೀಲಿ, ಬುಧವಾರ ಸೈನ್ಯದ ಹಸಿರು,
ಶುಕ್ರವಾರ ಕಂಬಳಿಯ ಕೆಂಪು.
ಸೇತುವೆ ಮೇಲಿಂದ ಬಗ್ಗಿ ನೋಡಿ
ಇವತ್ತು ಯಾವ ವಾರ ಅಂತ ಮಕ್ಕಳು ಹೇಳುತ್ತಿದ್ದವು.

ಬೀದಿಯಲ್ಲಿ, ಒಲೆಯ ಮುಂದೆ, ಜಗಳದಲ್ಲಿ ಕತಲಾನ್;
ಶಾಲೆಯ ಹೊಸ್ತಿಲಲ್ಲಿ ನಾಲಿಗೆಯನ್ನು
ಒದ್ದೆ ಕೊಡೆಯ ಹಾಗೆ ಮಡಚಿಡಬೇಕು.
ಕ್ರೈಸ್ತರ ಹಾಗೆ ಮಾತಾಡು ಎನ್ನುತ್ತಿದ್ದರು ಸಿಸ್ಟರ್.
ನಮ್ಮಜ್ಜಿ ಜಪಮಣಿ ಎಣಿಸುತ್ತಿದ್ದುದೂ ಕತಲಾನಿನಲ್ಲೇ,
ದೇವರಿಗೆ ತಿಳಿಯುತ್ತಿತ್ತು, ಸಿಸ್ಟರ್‌ಗೆ ತಿಳಿಯುತ್ತಿರಲಿಲ್ಲ.

ಲ್ಯುರೆನ್ಸ್ ಮೊದಲು ಬಂದಾಗ ಗಿಟಾರ್ ಇರಲಿಲ್ಲ,
ಕಾಲಲ್ಲಿ ನೆನೆದ ಬೂಟು. ಬಣ್ಣಗಾರನ ಮಗ,
ಮಾತಿನಲ್ಲಿ ತೊದಲು, ಹಾಡಿದರೆ ಇಲ್ಲ.
ಹಾಡುವ ಮೊದಲು ಹಾಡು ಸರ್ಕಾರಕ್ಕೆ ಹೋಗಬೇಕು:
ಮೂಲ, ಸ್ಪ್ಯಾನಿಷ್ ಅನುವಾದ, ಮೇಲೊಂದು ಅರ್ಜಿ.
ಅರ್ಜಿಯಲ್ಲಿ ಅವನು ಲೊರೆಂಥೊ.
ಕೊನೆಯ ಆ ‘ಥೊ’ ಸರ್ಕಾರದ್ದು.

ನಮ್ಮ ಭಾಷೆಯಲ್ಲಿ ಅವನ ಹೆಸರಿನ ಕೊನೆಗೆ ಒಂದು ಸೀ,
ಅದರ ಕಾಲಿಗೆ ಜೋತುಬಿದ್ದ ಸಣ್ಣ ಬಾಲ,
ಒತ್ತು ಕೊಟ್ಟ ಹಾಗೆ.
ನನ್ನ ಹಳೇ ಯಂತ್ರದಲ್ಲಿ ಆ ಕೀಲಿ ಮುರಿದಿತ್ತು.
ಬರೀ ಸೀ ಒತ್ತಿ, ಹಾಳೆ ಹೊರತೆಗೆದು,
ಬಾಲವನ್ನು ಪೆನ್ನಿನಲ್ಲಿ ಎಳೆಯುತ್ತಿದ್ದೆ.
ಚೌಕಕ್ಕೆ ಬಾಲ, ತೋಳಿಗೆ ಬಾಲ, ಮಗ್ಗದ ಲಾಳಿಗೆ ಬಾಲ,
ಭರವಸೆಗೂ ಒಂದು.
ಅವನ ಹೆಸರಿನದ್ದು ಮಾತ್ರ
ಯಾಕೋ ಸ್ವಲ್ಪ ಉದ್ದ ಬರುತ್ತಿತ್ತು.

ನಾಳೆ ಹೊಳೆ ಯಾವ ಬಣ್ಣ, ಅನ್ನುವ ಹಾಡು.
ಕಚೇರಿಯವನು ಕೆಟ್ಟವನಲ್ಲ, ಹಲ್ಲುನೋವಿನವನು.
ಕೆಂಪು ಪೆನ್ಸಿಲ್ಲಿನಿಂದಲೇ ಕೆಂಪನ್ನು ಹೊಡೆದುಹಾಕಿದ.
ಕಂಬಳಿಯದ್ದು ಸಾರ್, ಅಂದೆ.
ಕಂಬಳಿಯೂ ಬೇಡ, ಬೂದು ಅಂತ ಬರಿ, ಅಂದ.
ಬರೆದೆ.

ಚರ್ಚಿನ ಸಭಾಂಗಣ, ಶುಕ್ರವಾರ ರಾತ್ರಿ.
ಹಿಂದಿನ ಗೋಡೆಗೆ ಒರಗಿ ಇಬ್ಬರು ಪೊಲೀಸರು,
ಕೈಯಲ್ಲಿ ನಾನು ಟೈಪ್ ಮಾಡಿದ್ದೇ ಪ್ರತಿ,
ಸಾಲು ಸಾಲಿಗೂ ಬೆರಳಿಟ್ಟು ತಾಳೆ ನೋಡುತ್ತ.
ಆ ಪದ ಬಂತು. ಲ್ಯುರೆನ್ಸ್ ಬೂದು ಅನ್ನಲಿಲ್ಲ,
ಕೆಂಪೂ ಅನ್ನಲಿಲ್ಲ. ಬಾಯಿ ತೆರೆದೇ ಇತ್ತು.
ಬೇಕಂತಲೋ, ತೊದಲು ಅಡ್ಡ ಬಂತೋ,
ಇವತ್ತಿಗೂ ನನಗೆ ಗೊತ್ತಿಲ್ಲ.
ಗಿಟಾರ್ ಒಂದೇ ನಡೆಯಿತು.

ಆಗ ಮೂರನೇ ಸಾಲಿನಲ್ಲಿ ರೆಮೆಯ್ ಕೈ ಎತ್ತಿದಳು.
ಆಮೇಲೆ ಅವಳ ನಾದಿನಿ. ಆಮೇಲೆ
ಪಾಳಿ ಮುಗಿಸಿ ನೇರ ಬಂದಿದ್ದ ಹೆಂಗಸರೆಲ್ಲ,
ಮೊಣಕೈವರೆಗೆ ಶುಕ್ರವಾರ.

ಪೊಲೀಸಿನವ ಪುಟ ತಿರುವಿದ, ಮತ್ತೆ ತಿರುವಿದ.
ಬರೆದುಕೊಳ್ಳಲು ಪದವೇ ಇಲ್ಲ.
ಬಾಗಿಲಲ್ಲಿ ತಡೆದು, ಕೈ ತೊಳೆದುಕೊಂಡು ಬನ್ನಿ ಅಂದ.
ಒಂಬತ್ತು ದಿನ ಹೋಗಲ್ಲ ಸಾರ್, ಅಂದಳು ರೆಮೆಯ್,
ಸ್ಪ್ಯಾನಿಷಿನಲ್ಲಿ, ಒಂದೂ ತಪ್ಪಿಲ್ಲದೆ.

ದಂಡ ಬಿತ್ತು. ರೆಮೆಯ್ ಕೆಲಸ ಹೋಯಿತು, ಇದನ್ನು ಬೇಕಾದರೆ ಬರೆದುಕೋ.
ಲ್ಯುರೆನ್ಸ್ ಗಡಿ ದಾಟಿ ಪೆರ್ಪಿನ್ಯಾ ಸೇರಿದ,
ಅಲ್ಲೇ ಮದುವೆಯಾದ.
ಹೊಳೆ ಈಗ ನೀರಿನ ಬಣ್ಣಕ್ಕೇ ಇದೆ;
ಬಾತುಕೋಳಿಗಳು ಬರುತ್ತವಂತೆ.

ಇಗೋ, ಆಗಿನ ಕಾರ್ಬನ್ ಹಾಳೆ.
ಒಂದರ ಬೆನ್ನ ಮೇಲೊಂದು ಹದಿನೇಳು ಹಾಡು.
ಕಿಟಕಿಗೆ ಹಿಡಿ: ಕಪ್ಪಿನೊಳಗೆ ಸೂಜಿಮೊನೆಯಷ್ಟು ಬೆಳಕು.
ಓದಲು ಆಗುವುದಿಲ್ಲ. ಆದರೂ ನೋಡು,
ಇದರಲ್ಲಿ ಎಲ್ಲೂ ಬಾಲಗಳಿಲ್ಲ.
ಅವೆಲ್ಲ ಮೇಲಿನ ಪ್ರತಿಯ ಜೊತೆ ಮ್ಯಾಡ್ರಿಡ್‌ಗೆ ಹೋದವು.
ಅಲ್ಲಿ ಯಾವುದೋ ಕಡತದ ಕಟ್ಟಿನಲ್ಲಿ
ಇನ್ನೂ ಇರಬೇಕು, ನನ್ನ ಪೆನ್ನಿನವು,
ಒಂದು ಸ್ವಲ್ಪ ಉದ್ದ.