ಹೆಸರಿಲ್ಲದ ಗೆರೆ

ವಿಂಡ್‌ಹೂಕಿನ ಷೋರೂಮಿನಲ್ಲಿ ಟೈ ಕಟ್ಟಿದ ಹುಡುಗ ಹೇಳಿದ:
ಎಂಬತ್ತು ಲೀಟರಿನ ಟ್ಯಾಂಕು, ಮೇಡಂ,
ಒಮ್ಮೆ ತುಂಬಿಸಿದರೆ ಒಂಬೈನೂರು ಕಿಲೋಮೀಟರು.
ಯಾವ ರಸ್ತೆಯಲ್ಲಿ? ಅಂದೆ.
ರಸ್ತೆಯಲ್ಲಿ, ಅಂದ.

ನಕ್ಕು ಹೊರಬಂದು ನನ್ನ ಬಕ್ಕಿಯ ಬಾಗಿಲು ಎಳೆದೆ.
ಪಿಕಪ್ಪಿಗೆ ನಮ್ಮ ಕಡೆ ಹಾಗೇ ಅನ್ನುವುದು.
ಇದರ ಪೆಟ್ರೋಲಿನ ಮುಳ್ಳು ನಾನು ಹುಟ್ಟುವ ಮೊದಲೇ ಸತ್ತಿದೆ.
ತುಂಬಿದರೂ ಅರ್ಧ, ಬತ್ತಿದರೂ ಅರ್ಧ,
ಜಗಳದ ಎರಡೂ ಕಡೆಗೆ ತಲೆಯಾಡಿಸುವ
ನಮ್ಮ ಊರ ಹಿರಿಯನ ಹಾಗೆ.

ಲೆಕ್ಕವೆಲ್ಲ ಸೀಟಿನ ಹಿಂದಿನ ಕೋಲಿನಲ್ಲಿದೆ.
ಮೊಪಾನೆ ಮರದ್ದು. ಅಪ್ಪ ವೆಸೆವೆಟೆ ಕೆತ್ತಿದ್ದು.
ಹಿಂದಿನ ತೊಟ್ಟಿಯಲ್ಲಿ ಕ್ಯಾಬಿನ್ನಿಗೆ ಒರಗಿ ಕೂತ ಟ್ಯಾಂಕಿಗೆ
ಕೋಲು ಇಳಿಬಿಟ್ಟು, ಎತ್ತಿ, ಬಿಸಿಲಿಗೆ ಹಿಡಿದು
ಒದ್ದೆ ಎಲ್ಲಿಗೆ ನಿಂತಿದೆ ನೋಡಬೇಕು. ಬೇಗ.
ಗಾಳಿ ಅದನ್ನು ಅಳಿಸುವ ಮೊದಲು.

ಗೆರೆಗಳ ಮೇಲೆ ಲೀಟರಿಲ್ಲ, ಊರುಗಳಿವೆ:
ಇಷ್ಟಿದ್ದರೆ ಪಾಮ್‌ವಾಗ್.
ಇಷ್ಟಿದ್ದರೆ ಸೆಸ್‌ಫಾಂಟೇನ್.
ಇಷ್ಟಿದ್ದರೆ ಚಿಕ್ಕಮ್ಮನ ಮೇಕೆದೊಡ್ಡಿ, ಅಲ್ಲಿಂದಾಚೆ ಕೇಳಬೇಡ.
ಹೋಅನಿಬ್ ನದಿಯ ಒಣ ಮರಳು ದಾಟುವುದಿದ್ದರೆ
ಎರಡು ಬೆರಳು ಕಳೆ.
ಮೇಕೆ ಹೇರಿದ್ದರೆ ಇನ್ನೊಂದು.
ಎದುರುಗಾಳಿ ಇದ್ದರೆ
ಕಾಫಿ ಕುಡಿದು ಮಲಗು, ನಾಳೆ ಹೋಗು.

ಎಲ್ಲಕ್ಕಿಂತ ಕೆಳಗೆ, ತಳದ ಹತ್ತಿರ,
ಹೆಸರಿಲ್ಲದ ಒಂದು ಗೆರೆ.
ಉಳಿದವನ್ನು ಚಾಕುವಿನಿಂದ ಗೀರಿದ್ದಾನೆ;
ಇದನ್ನು ಮಾತ್ರ ಕಾಯಿಸಿದ ಮೊಳೆಯಿಂದ ಸುಟ್ಟಿದ್ದಾನೆ.

ಆ ಗೆರೆ ನಾನು.
ಕಾವೆಜೇರಿ ಅನ್ನುವ ಹೆಸರು ಆಮೇಲೆ ಬಂತು.

ಅವತ್ತು ಸೆಸ್‌ಫಾಂಟೇನಿನ ಪಂಪಿಗೆ ಗೋಣಿ ಹೊದಿಸಿದ್ದರು.
ಟ್ಯಾಂಕರು ಗುರುವಾರ, ಅಂದರು.
ಅವ್ವನ ನೋವು ಮಂಗಳವಾರದ್ದು.
ಇದ್ದುದರಲ್ಲೇ ಹೊರಟ ಅಪ್ಪ
ಇಳಿಜಾರು ಬಂದಲ್ಲೆಲ್ಲ ಎಂಜಿನ್ನು ಆರಿಸಿ,
ಸ್ಪೇರ್ ಟೈರು, ಜಾಕು, ಚರ್ಚಿಗೆಂದು ಇಟ್ಟಿದ್ದ ಬೆಂಚು
ಒಂದೊಂದಾಗಿ ದಾರಿಬದಿಗೆ ಇಳಿಸಿ,
ಕೊನೆಗೆ ಟೋಪಿಯನ್ನೂ ಎಸೆದನಂತೆ.
ಟೋಪಿ ಎಷ್ಟು ಭಾರ? ಅಂತ ಈಗಲೂ ಕೇಳುತ್ತೇನೆ.
ನಿನಗೆ ಗೊತ್ತಾಗಲ್ಲ, ಅನ್ನುತ್ತಾನೆ.

ಎಂಜಿನ್ನು ಎರಡು ಸಲ ಕೆಮ್ಮಿ ಸುಮ್ಮನಾದಾಗ
ಓಪುವೋ ಆಸ್ಪತ್ರೆಗೆ ಇನ್ನೂ ಹತ್ತೊಂಬತ್ತು ಕಿಲೋಮೀಟರು.
ಬರಿದಾದ ಟ್ಯಾಂಕಿಗೆ ಕಾಲು ಕೊಟ್ಟು ಒದ್ದು
ಅವ್ವ ನನ್ನನ್ನು ಹೆತ್ತಳು.
ತಗಡು ಡೋಲಿನ ಹಾಗೆ ಮೊಳಗಿತಂತೆ,
ತುಂಬಿದ್ದರೆ ಅಷ್ಟು ಸದ್ದು ಬರುತ್ತಿರಲಿಲ್ಲ.
ಆ ಸದ್ದಿಗೆ ಗುಡ್ಡ ಇಳಿದು ಬಂದ ಹಿಂಬಾ ಮುದುಕಿ
ಹೊಕ್ಕುಳಬಳ್ಳಿ ಕೊಯ್ದು,
ಚದುರಿದ ತನ್ನ ಮೇಕೆಗಳನ್ನು ಬಯ್ಯುತ್ತ
ಹಿಂದಿರುಗಿ ನೋಡದೆ ಹೋದಳು.

ಹತ್ತೊಂಬತ್ತಲ್ಲ, ಇಪ್ಪತ್ತಮೂರು, ಅನ್ನುತ್ತಾಳೆ ಅವ್ವ.
ನಿಮ್ಮಪ್ಪ ಕಲ್ಲು ಎಣಿಸಿದ, ನಾನು ಬೇರೆ ಎಣಿಸಿದೆ.
ಅಪ್ಪ ವಾದಿಸುವುದಿಲ್ಲ, ಕನ್ನಡಕ ಒರೆಸುತ್ತಾನೆ.

ಈಗ ಬಕ್ಕಿ ಓಡಿಸುವವಳು ನಾನು.
ಜೋಳದ ಹಿಟ್ಟು, ಸೋಲಾರ್ ಬ್ಯಾಟರಿ, ಶಾಲೆಯ ಹುಡುಗರು,
ಒಮ್ಮೊಮ್ಮೆ ದಿನ ತುಂಬಿದ ಹೆಂಗಸರು.
ಇಪ್ಪತ್ತು ಲೀಟರಿನ ಎರಡು ಕ್ಯಾನು ಸದಾ ಬೇರೆ ಇರುತ್ತವೆ,
ಹಗ್ಗ ಬಿಗಿದು, ಮುಚ್ಚಳಕ್ಕೆ ರಬ್ಬರು ಸುತ್ತಿ.
ಯಾರು ಕೇಳಿದರೂ ಮಾರಿಲ್ಲ.
ಕೊಟ್ಟಿದ್ದೇನೆ, ಅದು ಬೇರೆ ಮಾತು.

ಆದರೂ ಆ ತಿರುವು ಬಂದಾಗ,
ಒಂಟಿ ಮೊಪಾನೆ, ಅದರ ಬುಡದಲ್ಲಿ ತುಕ್ಕು ಹಿಡಿದ ಜಾಕು,
ಕಾಲು ತಾನಾಗಿ ಆಕ್ಸಿಲರೇಟರಿನಿಂದ ಏಳುತ್ತದೆ.
ಗಾಡಿ ಉರುಳಿ ಉರುಳಿ ನಿಲ್ಲುತ್ತದೆ.
ಬಿಸಿ ಲೋಹ ಟಿಕ್ ಟಿಕ್ ಅನ್ನುತ್ತದೆ.
ಹಿಂದಿನಿಂದ ಯಾರೋ ಕ್ಯಾಬಿನ್ನಿನ ಗಾಜು ತಟ್ಟುತ್ತಾರೆ:
ಏನಕ್ಕಾ, ಖಾಲಿಯಾಯ್ತಾ?

ಇಲ್ಲಪ್ಪ, ಅನ್ನುತ್ತೇನೆ,
ಮುಳ್ಳು ನೋಡು, ಅರ್ಧ ಇದೆ.