ಎರವಲು ಕೈ

ಗೋಡೆಯ ಆಚೆ ಇಲ್ಜೆ. ಈಚೆ ನಾನು,
ಲಿಯೆಪಾಯಾದ ಒಂದೇ ಹಳಿಯ ಮೇಲೆ
ಮೂವತ್ತೊಂದು ವರ್ಷ ಟ್ರಾಮ್ ಓಡಿಸಿದವನು.
ನನ್ನ ವೈಫೈ ಪಾಸ್‌ವರ್ಡ್ ಅವಳಿಗೆ ಕೊಟ್ಟಿದ್ದೇನೆ,
ಬದಲಿಗೆ ವಾರಕ್ಕೊಂದು ಕಪ್ಪು ಬ್ರೆಡ್ಡು, ಅವಳೇ ಬೇಯಿಸಿದ್ದು.
ಕಲೆಗೂ ನನಗೂ ಇಷ್ಟೇ ನಂಟು.

ರಾತ್ರಿ ಒಂಬತ್ತಕ್ಕೆ ಮೇಜಿನ ಮೇಲೆ, ದೀಪದ ಕೆಳಗೆ,
ಎರಡು ಕೈ ತಂದಿಡುತ್ತಾಳೆ
ಮೀನಂಗಡಿಯ ಹಲಗೆಯ ಮೇಲೆ ಇಟ್ಟ ಹಾಗೆ.
ಕ್ಯಾಮೆರಾ ಮೊಣಕೈ ದಾಟುವುದಿಲ್ಲ.
ಮುಖವಿಲ್ಲ, ಹೆಸರಿಲ್ಲ, ಸದ್ದೂ ಇಲ್ಲ,
ಪರದೆಯ ಅಡಿಯಲ್ಲಿ ಒಂದು ಸಾಲು ಮಾತ್ರ:
ಒಂದು ಗಂಟೆ ಈ ಕೈ ನಿಮ್ಮದು. ಏನು ಮಾಡಲಿ?

ಮೊದಲ ವಾರ ಕೇಳಿದ್ದು ಬಾಯಿಬಿಟ್ಟು ಹೇಳುವಂಥದ್ದಲ್ಲ.
ಅವಳು ಕೈಕಟ್ಟಿ ಕೂತಳು.
ಬೇಜಾರಾಗಿ ಅವರೇ ಎದ್ದು ಹೋದರು.

ಆಮೇಲೆ ಬಂದರು ಉಳಿದವರು.
ಪುಂಟಾ ಅರೇನಸ್‌ನಿಂದ ಒಬ್ಬ: ಕಿತ್ತಳೆ ಸುಲಿ,
ಸಿಪ್ಪೆ ಹರಿಯದೆ ಒಂದೇ ಸುರುಳಿಯಾಗಿ ಬರಬೇಕು,
ಆಮೇಲೆ ಅದನ್ನು ಮತ್ತೆ ಹಣ್ಣಿನಂತೆ ಮುಚ್ಚಿಡು.
ಹಾಗೆ ಮಾಡುತ್ತಿದ್ದವರು ಯಾರೆಂದು ಅವನು ಬರೆಯಲಿಲ್ಲ,
ಅವಳು ಕೇಳಲಿಲ್ಲ.
ಮೂರು ಹಣ್ಣು ಹಾಳಾದವು. ನಾಲ್ಕನೆಯದು ಕೈಗೂಡಿತು.

ಕೀಲುಂಗ್‌ನ ಹುಡುಗಿ: ಲೇಸು ಕಟ್ಟಿ ತೋರಿಸು,
ನಿಧಾನ, ಇನ್ನೂ ನಿಧಾನ,
ನನಗೆ ಹತ್ತೊಂಬತ್ತು, ಯಾರನ್ನೂ ಕೇಳಲಾರೆ.
ಒಬ್ಬ: ಏನೂ ಬೇಡ, ಉಗುರು ಕತ್ತರಿಸಿಕೋ, ನೋಡುತ್ತಿರುತ್ತೇನೆ.
ಒಬ್ಬಳು: ಅಂಗೈ ಮೇಲೆ ಮಾಡಿ ಇಟ್ಟುಕೊಂಡಿರು.
ಅಷ್ಟೇ. ನಲವತ್ತು ನಿಮಿಷ.

ನಾನೂ ನೋಡುತ್ತಿದ್ದೆ,
ಗೋಡೆಗೆ ಬೆನ್ನು ಕೊಟ್ಟು, ಫೋನು ಮಂಡಿಯ ಮೇಲೆ.
ಆಚೆ ಬಟ್ಟಲು ಇಟ್ಟ ಸದ್ದು ಮೊದಲು ಬೆನ್ನಿಗೆ ತಾಗುತ್ತದೆ;
ಏಳು ಸೆಕೆಂಡು ಕಳೆದು, ಪರದೆಯಲ್ಲಿ
ಕೈ ಬಟ್ಟಲನ್ನು ಇಡುತ್ತದೆ.
ಆ ಏಳು ಸೆಕೆಂಡು ಇಡೀ ಜಗತ್ತಿನಲ್ಲಿ
ನನ್ನೊಬ್ಬನ ಆಸ್ತಿ.

ಮೆಟ್ಟಿಲಲ್ಲಿ ಸಿಕ್ಕಾಗ ಅವಳ ಕೈ ಜೇಬಿನೊಳಗೆ.
“ಇವು ಈಗೀಗ ಅಪ್ಪಣೆಯಿಲ್ಲದೆ ಏನೂ ಮಾಡುವುದಿಲ್ಲ, ವಿಲ್ನಿಸ್.
ಕೀಲಿ ತಿರುಗಿಸು ಅಂದರೆ, ಯಾರ ಮನೆಯದು ಅನ್ನುತ್ತವೆ.
ನಿನ್ನೆ ಅಂಗಡಿಯಲ್ಲಿ ಚಿಲ್ಲರೆ ಎಣಿಸುವಾಗ
ಯಾರೋ ನನ್ನ ಬೆರಳಿನಲ್ಲಿ ಬೇರೆ ಭಾಷೆಯಲ್ಲಿ ಎಣಿಸಿದರು.”
ಅವಳು ನಕ್ಕಳು. ನಾನು ನಗಲಿಲ್ಲ.
ಟ್ರಾಮ್ ಬಿಟ್ಟು ಆರು ವರ್ಷ,
ನನ್ನ ಕಾಲು ಇನ್ನೂ ನಿದ್ದೆಯಲ್ಲಿ ಬ್ರೇಕು ಹುಡುಕುತ್ತದೆ.

ಕೈಕೊಡುವುದು ಅಂದರೆ ಏನೆಂದು ಆ ರಾತ್ರಿ ಯೋಚಿಸಿದೆ:
ಬಿದ್ದವನಿಗೆ ಕೊಟ್ಟರೂ ಅದೇ ಮಾತು,
ನಂಬಿದವನನ್ನು ನಡುದಾರಿಯಲ್ಲಿ ಬಿಟ್ಟು ಹೋದರೂ ಅದೇ ಮಾತು.
ನನ್ನನ್ನು ಬಿಟ್ಟು ಹೋದವಳು
ಹೋಗುವ ಮೊದಲು ಕೈ ಕುಲುಕಿದ್ದಳು,
ನನ್ನ ಕೈಯಲ್ಲಿ ಆಗ ಪಂಕ್ಚರ್ ಮಷೀನು ಇತ್ತು.

ಕಡಲ ಗಾಳಿ ಕಿಟಕಿ ಅಲ್ಲಾಡಿಸುತ್ತಿದ್ದ ಒಂದು ಗುರುವಾರ
ಹೆಸರಿಲ್ಲದೆ, ಒಂದೇ ಬೆರಳಲ್ಲಿ ಬರೆದೆ:
ಗೋಡೆ ತಟ್ಟು.

ತಟ್ಟಿದಳು. ಎರಡು ಸಲ,
ನನ್ನ ಬೆನ್ನೆಲುಬಿನ ಮೇಲೆಯೇ.
ಇನ್ನೂರ ಎಂಬತ್ತಾರು ಜನಕ್ಕೆ ಅದು ಇನ್ನೂ ನಡೆದೇ ಇರಲಿಲ್ಲ.
ಅಷ್ಟರಲ್ಲಿ ನಾನು ತಿರುಗಿ,
ಮುದುಕನ ಬುದ್ಧಿ,
ಎರಡು ಸಲ ತಟ್ಟಿಬಿಟ್ಟೆ.

ಆಚೆ ನಿಶ್ಶಬ್ದ.
ಫೋನಿನಲ್ಲಿ ಕೈ ಈಗ ಗೋಡೆಯತ್ತ ಹೋಗುತ್ತಿದೆ,
ಈಗ ತಟ್ಟುತ್ತಿದೆ,
ಈಗ ಗಾಳಿಯಲ್ಲೇ ನಿಂತಿತು.
ಏನದು, ಏನಾಯಿತು, ಜನ ಬರೆಯುತ್ತಿದ್ದಾರೆ.
ಅದು ಮೆಲ್ಲಗೆ ಮೇಜಿಗೆ ಮರಳಿ
ಇನ್ನೊಂದು ಕೈಯ ಮೇಲೆ ಕೂತಿತು.
ಹಾಗೆ ಮಾಡೆಂದು ಯಾರೂ ಹೇಳಿರಲಿಲ್ಲ.

ಬೆಳಿಗ್ಗೆ ಬಾಗಿಲ ಬಳಿ ಬ್ರೆಡ್ಡು, ಎಂದಿನಂತೆ,
ಕಾಗದದಲ್ಲಿ ಸುತ್ತಿದ್ದು, ಇನ್ನೂ ಬಿಸಿ.
ಚೀಟಿಯಿಲ್ಲ.
ಒಂದು ತುದಿ ಮಾತ್ರ ಯಾರೋ ಕೇಳದೆಯೇ
ಮುರಿದು ತಿಂದಿದ್ದರು.