ಕೆಂಗೂದಲು, ಮೂರನೆಯ ಗೇಟು

ಕುರಿಯುಣ್ಣೆ ಕತ್ತರಿಸುವ ಶೆಡ್ಡಿನ ಅಟ್ಟದಲ್ಲಿ
ತುಕ್ಕು ಹಿಡಿದ ಬಿಸ್ಕತ್ತಿನ ಡಬ್ಬಿಯೊಳಗೆ ಸಿಕ್ಕಿತು ಈ ಕಿರ್ದಿ.
ಇಲಿ ತಿಂದು ಉಳಿಸಿದ್ದು ನೂರಾ ಹನ್ನೆರಡು ಪುಟ.
ತಂತಿಯ ಮೇಲೆ ಒಣಹಾಕಿದ ಬಟ್ಟೆಯ ಹಾಗೆ
ಗೆರೆಗೆ ನೇತುಬಿದ್ದ ಅಕ್ಷರ.
ಓದಬಲ್ಲವರು ನಮ್ಮಲ್ಲಿ ಯಾರೂ ಇರಲಿಲ್ಲ.

ಯಾರಾದರೂ ಮೂಗಿನ ಸುದ್ದಿ ಎತ್ತಿದರೆ
‘ಪರ್ಷಿಯಾದ ಕಡೆಯವರು’ ಅನ್ನುತ್ತಿದ್ದ ಅಜ್ಜ.
ಲೆಹಣಾ ಸಿಂಗನ ಸಿಂಗ್ ಶಾಲೆಯ ಹಾಜರಿಯಲ್ಲಿ
ಸಿಂಕ್ಲೇರ್ ಆಗಿ, ಯುದ್ಧಕ್ಕೆ ಹೋಗಿ,
ಊರ ನಡುವಿನ ಕಂಚಿನ ಫಲಕದಲ್ಲಿ
ಉಳಿದವರ ಜೊತೆ ಬಿಗಿಯಾಗಿ ನಿಂತುಬಿಟ್ಟಿತ್ತು.

ಶೆಪ್ಪರ್ಟನ್ನಿನ ಪೀಚ್ ತೋಟಕ್ಕೆ ಹಣ್ಣು ಕೀಳಲು ಬಂದ ಹುಡುಗ
ನವ್‌ಕರಣ್. ಟ್ರ್ಯಾಕ್ಟರಿನ ಮೂತಿಯ ಮೇಲೆ ಪುಸ್ತಕ ಹರಡಿ,
ಪ್ಯಾಂಟಿಗೆ ಕೈ ಒರೆಸಿಕೊಂಡು ಓದಿದ:

ಕುಂಟ ನಾಯಿಯ ಮನೆ: ಗುಂಡಿ ಒಂದು ಡಜನ್. ಬಾಕಿ ಆರು ಪೆನ್ಸ್.
ಬೈಯುವ ಮುದುಕ: ಬೂಟಿನ ದಾರ. ಕೊಟ್ಟ. ಬೈದೇ ಕೊಟ್ಟ.
ಐದು ಹೆಣ್ಣುಮಕ್ಕಳ ವಿಧವೆ: ಚೀಟಿ ಬಟ್ಟೆ, ಒಂಬತ್ತು ಗಜ.
ಬಾಕಿ. ಬಾಕಿ. ಬಾಕಿ. ಕೇಳಬಾರದು.

ಹೆಸರಿಲ್ಲ ಒಬ್ಬರಿಗೂ.
ಅವರು ಇವನನ್ನು ಚಾರ್ಲಿ ಎಂದರು;
ಇವನಿಗಿಂತ ಮೊದಲು ಗಂಟು ಹೊತ್ತು ಬಂದವನೂ ಚಾರ್ಲಿಯೇ.
ಸ್ವಂತ ಹೆಸರಿದ್ದದ್ದು ಗಾಡಿಯ ಕುದುರೆಗೆ ಮಾತ್ರ.
ಇವನು ಇರುಳಲ್ಲಿ ಗಾಡಿಯ ಕೆಳಗೆ ಲಾಟೀನಿಟ್ಟುಕೊಂಡು
ಇಡೀ ಸೀಮೆಗೇ ನಾಮಕರಣ ಮಾಡಿದ.

ಡಬ್ಬಿಯ ತಳದಲ್ಲಿ ಮಡಿಸಿಟ್ಟ ಸರ್ಕಾರಿ ಕಾಗದ.
ಎದುರಿನ ಮುಖ, ಪಕ್ಕದ ಮುಖ,
ಹಿಂಬದಿಗೆ ಮಸಿ ಮೆತ್ತಿ ಒತ್ತಿಸಿದ ಇಡೀ ಎಡಗೈ.
ಇದಿಲ್ಲದೆ ತವರಿಗೆ ಹೋಗಿ ತಿರುಗಿ ಬಂದರೆ
ಹಡಗುಕಟ್ಟೆಯಲ್ಲೇ ಉಕ್ತಲೇಖನ, ಐವತ್ತು ಪದ,
ಯೂರೋಪಿನ ಯಾವುದೋ ಒಂದು ಭಾಷೆಯಲ್ಲಿ.
ಯಾವುದೆಂದು ಆರಿಸುವವನು ಸಾಹೇಬ.
ಮೂವತ್ತು ವರ್ಷ ಒಂದು ದಿನವೂ ತಪ್ಪದೆ ಬರೆದವನನ್ನು
ಅಕ್ಷರ ಬಾರದವನೆಂದು ಹಿಂದಕ್ಕೆ ಅಟ್ಟಲು ಅಷ್ಟು ಸಾಕಿತ್ತು.

ಕೆಂಗೂದಲು, ಮೂರನೆಯ ಗೇಟು: ಸೂಜಿ ಒಂದು ಪೊಟ್ಟಣ. ಬಾಕಿ.
ಹದಿನೈದು ದಿನ ಬಿಟ್ಟು, ಕೆಂಗೂದಲು: ಸೂಜಿ.
ಮಳೆ. ಗಾಡಿ ಹೂತುಹೋಯಿತು. ಕೆಂಗೂದಲು: ಸೂಜಿ.
‘ಇಷ್ಟೊಂದು ಸೂಜಿ ಏನು ಮಾಡಿದಳಪ್ಪಾ ಈಕೆ?’
ನವ್‌ಕರಣ್ ನಗುತ್ತ ತಲೆಯೆತ್ತಿ
ನನ್ನ ಕೂದಲು ನೋಡಿ
ಸುಮ್ಮನಾದ.

ಆಮೇಲಿನ ಪುಟಗಳಲ್ಲಿ ಮೂರನೆಯ ಗೇಟು ಇಲ್ಲ.
ಮನೆ, ಎಂದಿದೆ. ಮನೆ: ಹಿಟ್ಟು, ಚಹಾ, ತೊಟ್ಟಿಲಿಗೆ ಹಲಗೆ.
ಹನೋರಾ ಎಂದು ಎಲ್ಲಿಯೂ ಇಲ್ಲ.

ಒಂದು ಕಡೆ ಮಾತ್ರ ಲೆಕ್ಕ ತಲೆಕೆಳಗು.
ಹೊಳೆದಂಡೆಯ ಅಜ್ಜಿ: ಮೀನು ಎರಡು.
ಕೊಡಬೇಕಾದವನು: ನಾನು.
ಮರುವರ್ಷ, ಹೊಳೆದಂಡೆ: ಯಾರೂ ಇಲ್ಲ. ಒಲೆಕಲ್ಲು ತಣ್ಣಗಿದೆ.
ಮಿಷನ್ನಿನ ಬೇಲಿಯೊಳಗೆ ಸಾಗಿಸಿದರಂತೆ, ಬಂಡಿಯಲ್ಲಿ.
ಅದರ ಮಾರನೆಯ ವರ್ಷ ಆ ದಂಡೆಯದೇ ಹದಿನೆಂಟು ಎಕರೆ
ಹನೋರಾಳ ಹೆಸರಿಗೆ ಆಯಿತು. ಇವನ ಹೆಸರಿಗೆ ಆಗುವಂತಿರಲಿಲ್ಲ.
ಆ ನೆಲದಲ್ಲೇ ನಮ್ಮ ಗೋಧಿ, ನಮ್ಮ ಕುರಿ,
ಈ ಶೆಡ್ಡು, ಈ ಅಟ್ಟ.
ಅಲ್ಲಿಂದ ಮುಂದೆ ಪ್ರತಿ ವರ್ಷದ ಮೊದಲ ಸಾಲು ಒಂದೇ.
ಹಿಂದಿನ ಬಾಕಿ: ಮೀನು ಎರಡು.

ಮ್ಯೂಸಿಯಮ್ಮಿನವರು ಫೋನು ಮಾಡಿದ್ದರು.
ಅವರಿಗೆ ಕೈಯ ಗುರುತು ಬೇಕಂತೆ, ಗಾಜಿನೊಳಗಿಡಲು.
ಕಿರ್ದಿಯ ಬಗ್ಗೆ ಇನ್ನೂ ನಾನು ಬಾಯಿಬಿಟ್ಟಿಲ್ಲ.
ಹೊಳೆಯ ಆಚೆ ದಡದಲ್ಲಿ ಆ ಅಜ್ಜಿಯ ಕಡೆಯವರು
ಆಫೀಸು ತೆರೆದಿದ್ದಾರೆ, ಹಸಿರು ಬಾಗಿಲು.
ಎರಡು ಸಲ ಹೋಗಿ, ಕಾರಿನಲ್ಲೇ ಕೂತು ಬಂದೆ.

ಭಾನುವಾರ ಕೊನೆಯ ಖಾಲಿ ಪುಟಕ್ಕೆ ಪೆನ್ಸಿಲಿನಲ್ಲಿ ಗೆರೆ ಎಳೆದು
ಅವನು ಹೇಳಿದ್ದನ್ನು ಬರೆದು ತೋರಿಸಿದೆ,
ಒಂದೊಂದು ಅಕ್ಷರವೂ ತಂತಿಯಿಂದ ಜಾರುತ್ತಿತ್ತು.
ನವ್‌ಕರಣ್ ಕಣ್ಣು ಕಿರಿದುಮಾಡಿ ನೋಡಿದ.
‘ಮೀನು ಸರಿಯಾಗಿದೆ,’ ಅಂದ,
‘ಎರಡನ್ನು ತಿದ್ದಬೇಕು.’